ಬಂಡೆಯ ಬಲ ಕಡಿತ ಪ್ರಕರಣ

ಹಳಿಯಡಿ ಬಿಸಿಲಿಗೆ ಕಾದ ಮರದ ದಿಮ್ಮಿಗಳಿಂದ ಏಳುವ ಟಾರಿನ ವಾಸನೆ ಮೂಗಿಗೆ ಬಡಿದರೆ ಗೇಟಣ್ಣನ ಕಾಲುಗಳು ಈಗಲೂ ತಾವಾಗಿಯೇ ನಿಂತುಬಿಡುತ್ತವೆ. ಚಿಕ್ಕಂದಿನಲ್ಲಿ ಆ ವಾಸನೆ ಬಂತೆಂದರೆ ರೈಲು ಹಳಿ ಹತ್ತಿರವಿದೆ ಎಂದರ್ಥ. ಹಳಿ ಹತ್ತಿರವಿದ್ದರೆ ನಿಲ್ಲಬೇಕು ಎಂದು ಅಪ್ಪ ಕಿವಿ ಹಿಂಡಿ ಕಲಿಸಿದ್ದರು. ಅಪ್ಪನೂ ರೈಲ್ವೆ ಗೇಟು ಕಾಯುವವರೇ. ಬೇರೆ ಮಕ್ಕಳು ಓಡುವುದನ್ನು ಕಲಿಯುವ ವಯಸ್ಸಿನಲ್ಲಿ ಇವನು ನಿಲ್ಲುವುದನ್ನು ಕಲಿತ. “ಗೇಟು ಹಾಕಿದ ಮೇಲೆ ನಿನ್ನ ಮಾವನೇ ಬಂದರೂ ತೆಗೀಬೇಡ” ಎಂದು ಅಪ್ಪ ಹೇಳುತ್ತಿದ್ದರು. ಮುಂದೆ ಮದುವೆ ಮಾತಾಡಲು ಮಾವ ನಿಜವಾಗಿಯೂ ಬಂದರು. ಗೂಡ್ಸ್ ಗಾಡಿ ಪೂರ್ತಿ ಹೋಗುವವರೆಗೆ ಅವರು ಬಿಸಿಲಲ್ಲಿ ನಿಂತರು. “ಇಷ್ಟು ಗಟ್ಟಿ ಮನುಷ್ಯ ಬೇರೆ ಸಿಗಲಾರ” ಎಂದು ಬೆವರು ಒರೆಸಿಕೊಳ್ಳುತ್ತಲೇ ಒಪ್ಪಿಕೊಂಡು ಹೋದರಂತೆ.

ಗಟ್ಟಿ ಮನುಷ್ಯನಿಗೆ ಲೋಕ ಏನು ಕೊಡುತ್ತದೆ? ಬೈಗುಳ ಕೊಡುತ್ತದೆ. ಗೇಟಿನ ಕಂಬಿ ಕೆಳಗಿಳಿದರೆ ಸಾಕು, ಎರಡೂ ಕಡೆಯಿಂದ ಹಾರ್ನ್ ಶುರು.

“ಏನಯ್ಯಾ, ನಿದ್ದೆ ಮಾಡ್ತಿದ್ದೀಯಾ? ರೈಲೇ ಕಾಣಿಸ್ತಿಲ್ಲ!”

“ರೈಲು ಕಂಡ ಮೇಲೆ ಗೇಟು ಹಾಕಿದ್ರೆ ಆಮೇಲೆ ನೀವು ಕಾಣಿಸೋದಿಲ್ಲ ಸ್ವಾಮಿ.”

ಹೀಗೆ ದಿನವೂ ನೂರಾರು ಜನರ ಪ್ರಾಣ ಉಳಿಸಿ, ಅದೇ ನೂರಾರು ಜನರಿಂದ ಬೈಸಿಕೊಂಡು, ಹಸಿರು ಬಾವುಟ ಸುತ್ತಿಟ್ಟು ಮನೆಗೆ ಹೋಗುವುದು ಅವನ ಬದುಕಾಗಿತ್ತು. ‘ಕೋಟೆ ಕಾಳಗ’ ಬರುವವರೆಗೆ.

‘ಕೋಟೆ ಕಾಳಗ’ ಕಂಪ್ಯೂಟರಿನಲ್ಲಿ ಆಡುವ ಗುಂಡು ಹಾರಿಸುವ ಆಟ. ಈ ಕಡೆ ಐವರು, ಆ ಕಡೆ ಐವರು. ಎದುರಿನವರ ಕೋಟೆಗೆ ನುಗ್ಗಿದವರು ಗೆದ್ದಂತೆ. ಆಡುವವರು ತಮಗೆ ಬೇಕಾದ ವೀರನನ್ನು ಆರಿಸಿಕೊಳ್ಳಬಹುದು. ಒಬ್ಬ ದೂರದಿಂದ ಗುರಿ ಇಡುತ್ತಾನೆ, ಒಬ್ಬ ಗಾಳಿಯಂತೆ ಓಡುತ್ತಾನೆ, ಒಬ್ಬಳು ಗಾಯಗೊಂಡವರಿಗೆ ಮದ್ದು ಹಾಕುತ್ತಾಳೆ. ಗೇಟಿನ ಪಕ್ಕದ ಬೀದಿಯ ಜೆರಾಕ್ಸ್ ಅಂಗಡಿಯ ಹಿಂದಿನ ಕೋಣೆಯಲ್ಲಿ ಹಳೆಯ ಕಂಪ್ಯೂಟರುಗಳಿದ್ದವು. ಅಂಗಡಿಯ ಒಡತಿಯನ್ನು ಎಲ್ಲರೂ ಜೆರಾಕ್ಸ್ ಅಕ್ಕ ಎನ್ನುತ್ತಿದ್ದರು. ಭಾನುವಾರ ಅಂಗಡಿಗೆ ಗಿರಾಕಿಗಳಿಲ್ಲವೆಂದು ಆಕೆ ಬೀದಿಯವರನ್ನು ಕೂಡಿಸಿ ಆಡಿಸಲು ತೊಡಗಿದರು.

ಗೇಟಣ್ಣನ ಹೆಂಡತಿ, ಅತ್ತೆ, ಬ್ರೆಡ್ ಗಾಡಿ ಓಡಿಸುವ ಬಾಮೈದ ಮೂವರೂ ಮೊದಲೇ ಸೇರಿಕೊಂಡಿದ್ದರು. ನಾಲ್ಕನೆಯವನು ಎದುರಿನ ಕಟಿಂಗ್ ಶಾಪಿನವನು. ಅವನಿಗೆ ಕತ್ತರಿ ಎಂದೇ ಹೆಸರು. ಕೈಯಲ್ಲಿ ಹಿಡಿದ ಕತ್ತರಿಗಾದರೂ ಬಿಡುವುಂಟು, ಬಾಯಿಗಿಲ್ಲ. ಒಂದು ಭಾನುವಾರ ಒಬ್ಬರು ಕಡಿಮೆ ಬಿದ್ದರು. ಏನೋ ಪ್ರತಿ ತೆಗೆಸಲು ಬಂದ ಗೇಟಣ್ಣನನ್ನು ಜೆರಾಕ್ಸ್ ಅಕ್ಕ ಕೈಹಿಡಿದು ಕೂರಿಸಿದರು.

“ಅಣ್ಣಾ, ನಿಮ್ಮ ವೀರನ ಹೆಸರು ಬಂಡೆ. ಕೈಯಲ್ಲಿ ಕಬ್ಬಿಣದ ಗುರಾಣಿ ಇದೆ. ಈ ಬಟನ್ ಒತ್ತಿದ್ರೆ ಗುರಾಣಿ ಏಳತ್ತೆ. ಒತ್ಕೊಂಡು ಸುಮ್ನೆ ನಿಂತಿರಿ.”

ಸುಮ್ಮನೆ ನಿಲ್ಲುವುದನ್ನು ಅವನಿಗೆ ಯಾರೂ ಕಲಿಸಬೇಕಾಗಿರಲಿಲ್ಲ. ಗುಂಡು ಬಂತು, ಬಾಂಬು ಬಂತು, ಎದುರಿನವರು ಮೈಕಿನಲ್ಲಿ ಬಾಯಿಗೆ ಬಂದಂತೆ ಬೈದರು. ಬೈಗುಳಕ್ಕೆ ಕದಲುವ ಆಸಾಮಿಯೇ ಅವನು? ಅವನ ಬೆನ್ನ ಹಿಂದೆ ನಿಂತ ನಾಲ್ವರು ನಿಧಾನವಾಗಿ, ಬಸ್ಸಿಗೆ ಕಾಯುವವರ ಹಾಗೆ ಸಾಲಾಗಿ ನಡೆದು ಕೋಟೆ ಹೊಕ್ಕರು. ಬಾಮೈದ ಎದ್ದು ಬಂದು ತಬ್ಬಿಕೊಂಡ. ಅತ್ತೆ ಕನ್ನಡಕ ತೆಗೆದು ಒರೆಸಿ, “ಅಳಿಯಂದಿರೇ, ನೀವಿಲ್ದಿದ್ರೆ ನಾವೆಲ್ಲ ಸತ್ತೇ ಹೋಗ್ತಿದ್ವಿ” ಎಂದರು.

ಜೀವಮಾನದಲ್ಲಿ ಮೊದಲ ಬಾರಿಗೆ, ಅಡ್ಡ ನಿಂತದ್ದಕ್ಕೆ ಯಾರೋ ಅವನಿಗೆ ಕೃತಜ್ಞತೆ ಹೇಳಿದ್ದರು. ಈ ಮಾತು ನೆನಪಿರಲಿ. ಮುಂದೆ ಅವನು ಮಾಡಿದ್ದೆಲ್ಲ ಇದಕ್ಕಾಗಿಯೇ.

ಗೆಲುವಿನ ಮೇಲೆ ಗೆಲುವು ಬಂದಂತೆ ಗೇಟಣ್ಣನ ನಡಿಗೆಯೇ ಬದಲಾಯಿತು. ಎದೆ ಮುಂದೆ, ಹೊಟ್ಟೆ ಅದಕ್ಕಿಂತ ಸ್ವಲ್ಪ ಮುಂದೆ. ಭಾನುವಾರ ತೊಡುವ ಅಂಗಿಯ ಬೆನ್ನ ಮೇಲೆ ‘ಬಂಡೆ’ ಎಂದು ಬರೆಸಿಕೊಂಡ. ಅವನನ್ನು ನೋಡಿ ಕತ್ತರಿಯೂ ಬಂಡೆಯನ್ನೇ ಆರಿಸಿಕೊಳ್ಳತೊಡಗಿದ. ಆಟ ಮಾಡಿದವರು ಗುರಾಣಿಗೆ ಮಿತಿಮೀರಿದ ಬಲ ಕೊಟ್ಟಿದ್ದರು, ಅದನ್ನು ಹಿಡಿದರೆ ಜೆರಾಕ್ಸ್ ಯಂತ್ರವೂ ಗೆಲ್ಲುತ್ತಿತ್ತು ಎಂಬ ಸತ್ಯ ಅವನಿಗೆ ತಿಳಿಯಲಿಲ್ಲ. ತಿಳಿದವರು ಹೇಳಲಿಲ್ಲ. ಅಷ್ಟು ಸಂತೋಷವಾಗಿದ್ದವನಿಗೆ ಹೇಳಲು ಮನಸ್ಸು ಯಾರಿಗೆ ಬರುತ್ತದೆ?

ಆಮೇಲೆ ‘ಕೋಟೆ ಕಾಳಗ–ಎರಡು’ ಬಂತು.

ಹೊಸ ಆಟದ ಮೊದಲ ಭಾನುವಾರ ಗೇಟಣ್ಣ ಎಂದಿನಂತೆ ಗುರಾಣಿ ಎತ್ತಿ ನಿಂತ. ಒಂದು ಆಕಳಿಕೆ ಮುಗಿಯುವಷ್ಟರಲ್ಲಿ ಗುರಾಣಿ ಕಿರ್ರೆಂದು ಮಡಚಿಕೊಂಡಿತು. ಅವನು ಬಟನ್ ಬಿಡಲಿಲ್ಲ. ಗುಂಡುಗಳು ಬಂದವು. ಬಂಡೆ ಬಿದ್ದ, ಬಂಡೆಯ ಹಿಂದಿದ್ದವರೂ ಬಿದ್ದರು. ಎದ್ದು ಮತ್ತೆ ನಿಂತರು, ಮತ್ತೆ ಬಿದ್ದರು. ಸಂಜೆಯ ಹೊತ್ತಿಗೆ ಎದುರಾಳಿಗಳಾದ ಹಳಿಯಾಚೆಯ ಬೀದಿಯ ತಂಡ ಇವರ ಕೋಟೆಯಲ್ಲಿ ಸಂಸಾರ ಹೂಡುವುದೊಂದು ಬಾಕಿ.

“ಕರೆಂಟು ಸಾಲ್ತಾ ಇಲ್ಲ” ಎಂದು ಗೇಟಣ್ಣ ತೀರ್ಪು ಕೊಟ್ಟ. ಅವನ ಗೇಟಿನ ಗಂಟೆ ಸಣ್ಣಗೆ ಕೇಳಿಸಿದರೆ ಕಾರಣ ಯಾವಾಗಲೂ ಬ್ಯಾಟರಿ. ಮರುದಿನ ಲೈನ್‌ಮನ್‌ನನ್ನು ಕರೆತಂದ. ಆತ ಕಂಬ ಹತ್ತಿ ಇಳಿದು, ಅಂಗಡಿಯ ಗೋಡೆ ತಟ್ಟಿ, “ಕರೆಂಟು ಬೇಕಾದಷ್ಟಿದೆ. ಯಾವ ಮಷೀನು ಕೆಟ್ಟಿರೋದು?” ಎಂದ.

“ಗುರಾಣಿ.”

ಲೈನ್‌ಮನ್ ಸ್ವಲ್ಪ ಹೊತ್ತು ಯೋಚಿಸಿ, “ಅದಕ್ಕೆ ಬೇರೆ ಡಿಪಾರ್ಟ್‌ಮೆಂಟು” ಎಂದು ಏಣಿ ಹೊತ್ತುಕೊಂಡು ಹೊರಟುಹೋದ.

ಆಗ ಜೆರಾಕ್ಸ್ ಅಕ್ಕ ಪರದೆಯ ಮೇಲೆ ಬಂದದ್ದನ್ನು ಓದಿ ಹೇಳಿದರು: “ಅಣ್ಣಾ, ಏನೂ ಕೆಟ್ಟಿಲ್ಲ. ಹೊಸ ಆಟದಲ್ಲಿ ಆಟ ಮಾಡಿದೋರೇ ಬಂಡೆಯ ಗುರಾಣಿ ಬಲ ಅರ್ಧ ಇಳಿಸಿದ್ದಾರೆ. ಸ್ವಲ್ಪ ಹೊತ್ತು ಹಿಡೀಬೇಕು, ಆಮೇಲೆ ಇಳಿಸಿ ಅದು ತುಂಬಿಕೊಳ್ಳೋಕೆ ಬಿಡಬೇಕು. ಇನ್ನೊಂದು ವಿಷಯ... ಮುಂದಿನ ವಾರದಿಂದ ತಂಡದಲ್ಲಿ ಐದಲ್ಲ, ನಾಲ್ಕೇ ಜನ. ನೀವೂ ಕತ್ತರಿನೂ ಇಬ್ಬರೂ ಬಂಡೆ ಆಡ್ತಿದ್ರಿ. ಇನ್ಮೇಲೆ ಒಂದು ತಂಡಕ್ಕೆ ಒಬ್ಬನೇ ಬಂಡೆ.”

ಕತ್ತರಿ ಕೂಡ ಅರ್ಧ ನಿಮಿಷ ಮಾತಾಡಲಿಲ್ಲ. ಆಮೇಲೆ ಆ ಅರ್ಧ ನಿಮಿಷದ ಮಾತನ್ನೂ ಸೇರಿಸಿ ಆಡಿದ: “ಅದಕ್ಕೇನಂತೆ, ಮುಂದಿನ ಭಾನುವಾರ ಇಬ್ಬರೂ ಒಂದೊಂದು ಆಟ ಆಡೋಣ, ಯಾರು ಚೆನ್ನಾಗಿ ಆಡ್ತಾರೋ ಅವರಿಗೆ ಜಾಗ, ನಾನಂತೂ ಕೈ ಚುರುಕು, ದಿನಾ ಅದೇ ಕೆಲಸ ಅಲ್ವಾ, ಬೇಜಾರು ಮಾಡ್ಕೋಬೇಡಿ ಅಣ್ಣಾ, ತಲೆ ಸ್ವಲ್ಪ ಈ ಕಡೆ ತಿರುಗಿಸಿ, ಕಿವಿ ಹಿಂದೆ ಕೂದಲು ಬೆಳೆದಿದೆ.”

ಗೇಟಣ್ಣ ತಿರುಗಿಸಲಿಲ್ಲ. ಅವನ ತಲೆಯಲ್ಲಿ ಬೇರೊಂದು ಗಾಡಿ ಹೊರಟಿತ್ತು. ಇಷ್ಟು ವರ್ಷದ ನೌಕರಿಯಲ್ಲಿ ಅವನು ಕಂಡದ್ದು ಇದು: ಒಬ್ಬನ ಅಧಿಕಾರ ಇಳಿಸಿದರು ಎಂದರೆ ಅದು ಇಲಾಖೆಯ ಶಿಕ್ಷೆ. ಶಿಕ್ಷೆ ಇದೆ ಎಂದರೆ ಯಾರೋ ದೂರು ಕೊಟ್ಟಿದ್ದಾರೆ. ದೂರು ಬಂದರೆ ನೌಕರನನ್ನು ಕರೆದು ಕೇಳಬೇಕು. ತನ್ನನ್ನು ಯಾರೂ ಕೇಳಿರಲಿಲ್ಲ.

“ಇದು ಅನ್ಯಾಯ” ಎಂದ. “ಮೇಲಿನವರೆಗೆ ಹೋಗ್ತೀನಿ.”

ಮೇಲೆ ಹೋಗುವ ದಾರಿ ಅವನಿಗೆ ಒಂದೇ ಗೊತ್ತಿತ್ತು: ಕಾರ್ಮಿಕ ಸಂಘದ ಮುಖಂಡರು. ಇವರಿಗೆ ಗಂಟಲು ದೊಡ್ಡದು, ಕಿವಿ ಸಣ್ಣದು. ಅವರು ಸ್ಕೂಟರಿನಲ್ಲಿ ಗೇಟು ದಾಟುವ ಹೊತ್ತಿಗೆ ಗೇಟಣ್ಣ ತಡೆದು ನಿಲ್ಲಿಸಿದ.

“ಸಾರ್, ಬಲ ಅರ್ಧ ಕಿತ್ಕೊಂಡಿದ್ದಾರೆ. ಐದು ಜನ ಮಾಡ್ತಿದ್ದ ಕೆಲಸಕ್ಕೆ ಇನ್ಮೇಲೆ ನಾಲ್ಕೇ ಜನ ಅಂತೆ. ನನ್ನನ್ನ ಒಂದು ಮಾತು ಕೇಳಲಿಲ್ಲ.”

ಮುಖಂಡರ ಮುಖ ಕೆಂಪಾಯಿತು. ಯಾವ ಐದು ಜನ, ಯಾವ ಕೆಲಸ ಎಂದು ಅವರು ಕೇಳಬಹುದಿತ್ತು. ಆದರೆ ಕೇಳುವುದು ಅವರ ಅಭ್ಯಾಸವಲ್ಲ. “ಜನ ಕಡಿತ! ಅದೂ ಹೇಳದೆ ಕೇಳದೆ! ನಾಳೆ ಬೆಳಿಗ್ಗೆ ಇದೇ ಜಾಗದಲ್ಲಿ ನೋಡ್ತಾ ಇರು!” ಎಂದು ಸ್ಕೂಟರಿನ ಮೇಲೆ ಎದ್ದು ನಿಂತೇ ಹೋದರು.

ಮರುದಿನ ಬೆಳಿಗ್ಗೆ ಗೇಟಿನ ಬಳಿ ಕೆಂಪು ಬಟ್ಟೆಯ ಕೆಳಗೆ ಇಪ್ಪತ್ತು ಮೂವತ್ತು ಜನ ಸೇರಿದ್ದರು. ಗೇಟು ಹಾಕಿತ್ತು. ಮುಖಂಡರು ಡ್ರಮ್ಮಿನ ಮೇಲೆ ಹತ್ತಿ ಕೂಗಿದರು: “ಕಿತ್ತುಕೊಂಡ ಬಲ...”

“ವಾಪಸ್ ಕೊಡಿ!”

“ಐದನೆಯವನನ್ನು...”

“ಉಳಿಸಿ, ಉಳಿಸಿ!”

ಗೇಟಿನಲ್ಲಿ ಸಿಕ್ಕಿಕೊಂಡಿದ್ದ ಲಾರಿ ಚಾಲಕರಿಗೆ ಹೇಗೂ ಸಿಟ್ಟಿತ್ತು. ಅವರೂ ಇಳಿದು ಬಂದು ಕೂಗಿದರು. ತರಕಾರಿ ಗಾಡಿಯವಳು ಯಾವ ಬಲ ಎಂದು ತಿಳಿಯದೆಯೇ, “ಬಡವರದ್ದನ್ನೇ ಕಿತ್ಕೊಳ್ಳೋದು ಇವರು” ಎಂದು ಎರಡು ಮೂಲಂಗಿ ಎತ್ತಿ ಬೀಸಿದಳು. ಅವಳೇ ಆಮೇಲೆ ಗೇಟಣ್ಣನಿಗೆ ಕುಡಿಯಲು ನೀರು ಕೊಟ್ಟು, “ಗಂಟಲು ಒಣಗಿಸ್ಕೋಬೇಡಪ್ಪ, ಇನ್ನೂ ಸಂಜೆವರೆಗೂ ಕೂಗಬೇಕು” ಎಂದಳು. ಗೇಟಣ್ಣನಿಗೆ ಕಣ್ಣು ತುಂಬಿ ಬಂತು. ‘ಕೋಟೆ ಕಾಳಗ’ಕ್ಕೆ ಇಷ್ಟು ಅಭಿಮಾನಿಗಳಿದ್ದಾರೆಂದು ಅವನಿಗೆ ಗೊತ್ತೇ ಇರಲಿಲ್ಲ.

ಮಧ್ಯಾಹ್ನದ ಹೊತ್ತಿಗೆ ಜೀಪಿನಲ್ಲಿ ರೈಲ್ವೆ ಇಂಜಿನಿಯರ್ ಬಂದಿಳಿದರು. ನೆಟ್ಟಗೆ ಮಾತಾಡುವ, ನೆಟ್ಟಗೆ ನಡೆಯುವ ಹೆಂಗಸು. ಗೇಟಿನಲ್ಲಿ ಏನೋ ಅರ್ಧವಾಗಿದೆಯಂತೆ ಎಂಬ ಸುದ್ದಿ ಅವರ ಕಚೇರಿ ಮುಟ್ಟಿತ್ತು. ಯಾರನ್ನೂ ಮಾತಾಡಿಸದೆ ಟೇಪು ಬಿಚ್ಚಿ ಗೇಟಿನ ಕಂಬಿಯನ್ನು ಈ ತುದಿಯಿಂದ ಆ ತುದಿಗೆ ಅಳೆದರು.

“ಇದು ಪೂರ್ತಿ ಇದೆಯಲ್ರೀ. ಅರ್ಧ ಆಗಿರೋದು ಯಾವುದು?”

“ಗುರಾಣಿ ಮೇಡಂ.”

“ಯಾವ ಗುರಾಣಿ?”

ಗೇಟಣ್ಣ ಹೇಳಿದ. ಮೊದಲಿನಿಂದ ಕೊನೆಯವರೆಗೆ, ಪ್ರಾಮಾಣಿಕವಾಗಿ, ಬಂಡೆ ಹೇಗೆ ನಿಲ್ಲುತ್ತಾನೆ ಎಂಬುದನ್ನು ನಿಂತು ತೋರಿಸಿ ಹೇಳಿದ. ಹೇಳುತ್ತಾ ಹೋದಂತೆ ಕೆಂಪು ಬಟ್ಟೆ ಮೆಲ್ಲಗೆ ಮಡಚಿಕೊಂಡಿತು. ಲಾರಿಗಳು ಒಂದೊಂದಾಗಿ ಸ್ಟಾರ್ಟ್ ಆದವು. ಮುಖಂಡರು ಡ್ರಮ್ಮಿನಿಂದ ಇಳಿಯಲೂ ಆಗದೆ ನಿಲ್ಲಲೂ ಆಗದೆ, “ಆಟವೇ ಇರಲಿ, ತತ್ವ ತತ್ವವೇ!” ಎಂದು ಒಮ್ಮೆ ಕೂಗಿ ನೋಡಿದರು. ತರಕಾರಿ ಗಾಡಿಯವಳು ಮೂಲಂಗಿಗಳನ್ನು ಮತ್ತೆ ಗಾಡಿಗೆ ಹಾಕಿಕೊಂಡಳು.

ಇಂಜಿನಿಯರ್ ಟೇಪನ್ನು ಸುತ್ತಿದರು. ಅಷ್ಟು ದೂರದಿಂದ ಬಂದು ಬರಿಗೈಯಲ್ಲಿ ಹೋಗುವುದು ಸರ್ಕಾರಕ್ಕೆ ಶೋಭೆಯಲ್ಲ. “ಕಂಬಿಗೆ ಬಣ್ಣ ಹೋಗಿದೆ. ಇವತ್ತೇ ಬಳೀರಿ. ನೀವೇ ಬಳೀರಿ” ಎಂದು ಗೇಟಣ್ಣನಿಗೆ ಹೇಳಿ ಜೀಪು ಹತ್ತಿದರು. ನಗು ಬಂದದ್ದನ್ನು ಅವರು ಜೀಪಿನ ಬಾಗಿಲು ಹಾಕಿಕೊಳ್ಳುವವರೆಗೂ ತಡೆದುಕೊಂಡರು. ಅಷ್ಟು ಮರ್ಯಾದೆ ಕೊಟ್ಟದ್ದನ್ನು ಮೆಚ್ಚಬೇಕು.

ಆ ಸಂಜೆ ಮನೆಯಲ್ಲಿ, ಬೆರಳುಗಳಿಗೆ ಅಂಟಿದ ಕೆಂಪು ಬಿಳಿ ಬಣ್ಣವನ್ನು ಸೀಮೆಎಣ್ಣೆಯಲ್ಲಿ ಉಜ್ಜುತ್ತಾ ಗೇಟಣ್ಣ ಗುಡುಗಿದ: “ನಗೋರು ನಗಲಿ. ದೂರು ಕೊಟ್ಟೋರು ಯಾರು ಅಂತ ಕಂಡುಹಿಡೀದೆ ಬಿಡೋದಿಲ್ಲ. ಹಳಿಯಾಚೆಯವರೇ ಇರಬೇಕು!”

ಹೆಂಡತಿ ಹೊಲಿಗೆ ಯಂತ್ರ ತುಳಿಯುವುದನ್ನು ನಿಲ್ಲಿಸಿದಳು. “ನಾನೇ ರೀ.”

“ಏನು ನೀನೇ?”

“ಆಟ ಮುಗಿದ ಮೇಲೆ ಆಟ ಮಾಡಿದೋರು ಪರದೆ ಮೇಲೆ ಕೇಳ್ತಿದ್ರಲ್ಲ, ಏನು ಬದಲಾಗಬೇಕು ಅಂತ. ‘ಬಂಡೆ ಸ್ವಲ್ಪ ಪಕ್ಕಕ್ಕೆ ಸರಿದರೆ ಚೆನ್ನ’ ಅಂತ ಬರೆದೆ.”

ಗೇಟಣ್ಣ ಸೀಮೆಎಣ್ಣೆಯ ಬಟ್ಟೆಯನ್ನು ಕೆಳಗಿಟ್ಟ.

“ಸ್ವಂತ ಗಂಡನ ಮೇಲೆ...”

“ಗಂಡನ ಮೇಲೆ ಅಲ್ಲ ರೀ, ಬಂಡೆ ಮೇಲೆ. ನಾನು ಮದ್ದು ಹಾಕೋಳು. ಆಟದುದ್ದಕ್ಕೂ ನಿಮ್ಮ ಬೆನ್ನಿಗೆ ಮದ್ದು ಹಾಕೋದು ಬಿಟ್ರೆ ನನಗೆ ಬೇರೆ ಕೆಲಸ ಇತ್ತಾ? ಕೋಟೆ ಹೇಗಿದೆ ಅಂತ ಇವತ್ತಿಗೂ ನಾನು ನೋಡಿಲ್ಲ. ನಿಮ್ಮ ಬೆನ್ನು ನೋಡಿ ನೋಡಿ ಸಾಕಾಯ್ತು.”

“ಬರೀ ಇವಳ ಮಾತಿಗೆ ಅವರು ಆಟ ಬದಲಾಯಿಸ್ತಾರಾ ಅಳಿಯಂದಿರೇ” ಎಂದು ಮೂಲೆಯ ಕುರ್ಚಿಯಿಂದ ಅತ್ತೆ ಬಾಯಿ ಹಾಕಿದರು. ದೂರದಿಂದ ಗುರಿ ಇಡುವವರು ಅವರೇ. ಮಾತಿನಲ್ಲೂ ಗುರಿ ತಪ್ಪುವವರಲ್ಲ. “ಮದ್ದು ಹಾಕೋರೆಲ್ಲ ಬರೆದಿರ್ತಾರೆ. ನಾನೂ ಬರೀಬೇಕಿತ್ತು. ನಿಮ್ಮ ಹಿಂದೆ ನಿಂತು ಎಷ್ಟು ಸಲ ನಿದ್ದೆ ಹೋಗಿದ್ದೀನಿ ಗೊತ್ತಾ? ಒಬ್ಬನೇ ಎಲ್ಲಾ ತಡೆದ್ರೆ ಮಿಕ್ಕವರಿಗೆ ಆಡೋಕೆ ಏನು ಉಳೀತು? ಅದಕ್ಕೇ ಜಾಸ್ತಿ ಇದ್ದೋರದ್ದು ಇಳಿಸಿ, ಕಡಿಮೆ ಇದ್ದೋರದ್ದು ಏರಿಸಿದ್ದಾರೆ. ಈಗ ಇವಳಿಗೂ ಬಂದೂಕು ಕೊಟ್ಟಿದ್ದಾರೆ, ನೋಡಿದ್ರಾ? ನಾಲ್ಕು ಗುಂಡು ಹಾರಿಸಿದ್ರೆ ಮದ್ದು ತುಂಬತ್ತೆ. ಶಿಕ್ಷೆ ಅಲ್ಲ ಮಹರಾಯರೇ, ಎಲ್ಲರಿಗೂ ಒಂದಿಷ್ಟು ಕೆಲಸ.”

ಗೇಟಣ್ಣ ಬಹಳ ಹೊತ್ತು ಬಾಗಿಲ ಬಳಿ ನಿಂತ. ನಿಲ್ಲುವುದು ಅವನಿಗೆ ಕಷ್ಟವಲ್ಲ. ಆಮೇಲೆ ತಿರುಗಿ, “ಭಾನುವಾರದೊಳಗೆ ಕಲೀತೀನಿ” ಎಂದ.

ಆ ವಾರ ಅವನು ಕಲಿತದ್ದನ್ನು ಬೀದಿಯ ಜನ ಇನ್ನೂ ಹೇಳಿಕೊಂಡು ನಗುತ್ತಾರೆ. ಸ್ನಾನದ ಕೋಣೆಯಿಂದ ಬಕೆಟ್ಟಿನ ಮುಚ್ಚಳ ತಂದು ಗುರಾಣಿಯಂತೆ ಎತ್ತುವುದು, ಇಳಿಸುವುದು, ಪಕ್ಕಕ್ಕೆ ಸರಿಯುವುದು. ಎತ್ತುವುದು ಸಲೀಸು. ಇಳಿಸುವಾಗ ಮಾತ್ರ ಮೈಯೆಲ್ಲ ಬೇಡ ಎನ್ನುತ್ತಿತ್ತು. ಬಾಮೈದ ಎದುರು ನಿಂತು ಒಣಗಿದ ಬನ್ನುಗಳನ್ನು ಎಸೆಯುತ್ತಿದ್ದ. ಇಳಿಸಬೇಕಾದಾಗ ಗೇಟಣ್ಣ ಇಳಿಸುತ್ತಿರಲಿಲ್ಲ. ಇಳಿಸಿದಾಗ ಬನ್ನು ನೇರ ಮೂಗಿಗೆ. ಪಕ್ಕದ ಮನೆಯ ಅಜ್ಜಿ ಕಿಟಕಿಯಿಂದ ನೋಡಿ, “ಪಾಪ, ಆ ಬಣ್ಣದ ವಾಸನೆ ತಲೆಗೆ ಹತ್ತಿರಬೇಕು” ಎಂದು ಎರಡು ನಿಂಬೆಹಣ್ಣು ಕಳಿಸಿದರು.

ಭಾನುವಾರ ಬಂತು. ಹಳಿಯಾಚೆಯ ತಂಡದ ಮೇಲೆಯೇ ಪರೀಕ್ಷೆ ಎಂದು ನಿರ್ಧಾರವಾಗಿತ್ತು. ಮೊದಲ ಆಟ ಕತ್ತರಿಯದು. ಅವನ ಬೆರಳುಗಳು ಕೀಲಿಮಣೆಯ ಮೇಲೆ ಮಿಂಚಿದವು, ಬಾಯಿ ಅದಕ್ಕಿಂತ ಮಿಂಚಿತು. ಬಂಡೆಯನ್ನು ಓಡಿಸಿಕೊಂಡು ಒಬ್ಬನೇ ಎಷ್ಟು ಮುಂದೆ ಹೋದನೆಂದರೆ, ಹಿಂದೆ ಉಳಿದ ಮೂವರು ಗುರಾಣಿಯಿಲ್ಲದೆ ಬಿದ್ದದ್ದು ಅವನಿಗೆ ಗೊತ್ತೇ ಆಗಲಿಲ್ಲ. ಆದರೂ ಕೋಟೆಯ ಬಾಗಿಲವರೆಗೆ ಮುಟ್ಟಿದ. ಸೋತರೂ ಮರ್ಯಾದೆಯ ಸೋಲು.

“ಈಗ ನೀವು ಅಣ್ಣಾ” ಎಂದರು ಜೆರಾಕ್ಸ್ ಅಕ್ಕ.

ಗೇಟಣ್ಣ ಕೂತ. ಗುರಾಣಿ ಎತ್ತಿದ. ಗುಂಡು ಬಂತು. ಗುರಾಣಿ ನಡುಗಿತು, ಮಡಚಿಕೊಂಡಿತು, ನಾಲ್ವರೂ ಬಿದ್ದರು. ಎರಡನೆಯ ಸಲವೂ ಹಾಗೆಯೇ.

“ಅಳಿಯಂದಿರೇ, ಅದಾಗಿ ಮುರಿಯೋವರೆಗೂ ಕಾಯಬೇಡಿ, ನೀವಾಗಿ ಇಳಿಸಿ!” ಎಂದು ಅತ್ತೆ ಕೂಗಿದರು.

“ಇಳಿಸಿದ್ರೆ ಗುಂಡು ಬರತ್ತಲ್ಲ ಅತ್ತೆ!”

“ಅವರೂ ಗುಂಡು ತುಂಬಿಸ್ಕೋಬೇಕಲ್ರೀ” ಎಂದಳು ಹೆಂಡತಿ. “ನಡುವೆ ಒಂದು ಬಿಡುವು ಇರತ್ತೆ. ಒಂದು ಗಾಡಿ ಹೋಯ್ತು, ಇನ್ನೊಂದು ಗಾಡಿ ಬಂದಿಲ್ಲ. ಆಗ ನೀವು ಏನು ಮಾಡ್ತೀರಿ?”

ಆಗ ಏನು ಮಾಡುತ್ತಾನೆ! ಹೋಗುವ ಗಾಡಿಗೂ ಬರುವ ಗಾಡಿಗೂ ನಡುವಿನ ಸಣ್ಣ ಬಿಡುವಿನಲ್ಲಿ ಗೇಟು ತೆಗೆದು, ಎರಡೂ ಕಡೆಯ ಜನರನ್ನು ದಾಟಿಸಿ, ಒಬ್ಬರ ಕೂದಲೂ ಕೊಂಕದಂತೆ ಮತ್ತೆ ಮುಚ್ಚುವುದನ್ನು ಅವನು ದಿನವೂ ಮಾಡುತ್ತಿದ್ದ. ಅಪ್ಪ ಗೇಟು ಮುಚ್ಚುವುದನ್ನು ಕಲಿಸಿದ್ದರು. ತೆಗೆಯುವುದನ್ನು ಅವನು ತಾನಾಗಿಯೇ ಕಲಿತಿದ್ದ, ಯಾರೂ ಅದನ್ನು ಹೊಗಳಿರಲಿಲ್ಲ ಅಷ್ಟೇ.

ಮೂರನೆಯ ಸಲ ಅವನು ಗುರಾಣಿಯನ್ನು ನೋಡಲಿಲ್ಲ. ಕಣ್ಣು ಮುಚ್ಚಿ ಗುಂಡಿನ ಸದ್ದು ಕೇಳಿದ. ಸದ್ದು ಜೋರಾಯಿತು, ಹತ್ತಿರವಾಯಿತು, ದಾಟಿತು, ತೆಳುವಾಯಿತು. ಗೇಟಣ್ಣ ಗುರಾಣಿ ಇಳಿಸಿದ, ಪಕ್ಕಕ್ಕೆ ಸರಿದ, ಅಂಗಡಿ ನಡುಗುವ ಹಾಗೆ ಕೂಗಿದ:

“ಹೂಂ, ಹೊರಡಿ ಹೊರಡಿ! ಸೈಕಲ್ ಮೊದಲು! ಅಜ್ಜಿ, ಬೇಗ ಬೇಗ! ಬ್ರೆಡ್ ಗಾಡಿ, ನುಗ್ಗಬೇಡ, ಸಾಲಾಗಿ ಬಾ! ಸಾಕು! ನಿಲ್ಲಿ!” ಗುರಾಣಿ ಮತ್ತೆ ಎದ್ದಿತು. ಅದರ ಮೇಲೆ ಗುಂಡುಗಳು ಸುರಿದು ಜಾರಿದವು.

ಆ ದನಿ ಕೇಳಿದರೆ ಹೊರಡುವುದು, ನಿಲ್ಲುವುದು ಆ ಬೀದಿಯವರಿಗೆ ಹುಟ್ಟಿನಿಂದ ಬಂದ ಅಭ್ಯಾಸ. ಮೂವರೂ ತುಟಿಪಿಟಕ್ಕೆನ್ನದೆ ಹೇಳಿದಂತೆ ಮಾಡಿದರು. ಮೈಕಿನಲ್ಲಿ ದನಿ ಕೇಳಿ ಹಳಿಯಾಚೆಯ ಇಬ್ಬರು ಕೂಡ ‘ನಿಲ್ಲಿ’ ಎಂದಾಗ ನಿಂತೇಬಿಟ್ಟರು. ಅವರೂ ಅದೇ ಗೇಟು ದಾಟುವವರಲ್ಲವೇ? ಅತ್ತೆ ಇಬ್ಬರನ್ನೂ ದೂರದಿಂದಲೇ ಉರುಳಿಸಿದರು.

ಕೋಟೆಯ ಬಾಗಿಲ ಬಳಿ ಕೊನೆಯ ಬಿಡುವು ತೀರಾ ಸಣ್ಣದಾಗಿತ್ತು. ಗುರಾಣಿ ಹಿಡಿದೇ ಇದ್ದರೆ ಬಂಡೆ ಉಳಿಯುತ್ತಿದ್ದ, ಕೋಟೆ ಸಿಗುತ್ತಿರಲಿಲ್ಲ. ಗೇಟಣ್ಣ ಇಳಿಸಿದ. “ಹೋಗೇ!” ಎಂದ. ಹೆಂಡತಿ ಅವನ ಬೆನ್ನ ಹಿಂದಿನಿಂದ ಹಾರಿ, ಹೊಸ ಬಂದೂಕು ಸಿಡಿಸುತ್ತಾ ಒಳಗೆ ನುಗ್ಗಿದಳು. ಬಂಡೆ ಬಾಗಿಲಲ್ಲೇ ಮಕಾಡೆ ಬಿದ್ದ.

“ಅಯ್ಯೋ ರೀ, ಕೋಟೆ ಒಳಗೆ ಬಾವಿ ಇದೆ! ಮೆಟ್ಟಿಲು ಇದೆ! ನೋಡ್ರೀ, ಎಷ್ಟು ಚೆನ್ನಾಗಿದೆ!” ಎಂದು ಅವಳು ಕುರ್ಚಿಯಿಂದ ಎದ್ದು ನಿಂತು ಚಪ್ಪಾಳೆ ತಟ್ಟಿದಳು. ಗೇಟಣ್ಣ ತನ್ನ ಹೆಣದ ಕಡೆ ನೋಡದೆ, ಹೆಂಡತಿಯ ಪರದೆಗೆ ಬಾಗಿ, ಬಾವಿಯನ್ನು ನೋಡಿದ.

ಜೆರಾಕ್ಸ್ ಅಕ್ಕ ಕತ್ತರಿಯ ಮುಖ ನೋಡಿದರು. ಕತ್ತರಿ ಗೋಡೆಗೊರಗಿ ಕೈಕಟ್ಟಿ ನಿಂತಿದ್ದ. “ಜಾಗ ಅಣ್ಣನದೇ” ಎಂದ. ಅಷ್ಟೇ ಹೇಳಿ, ತನ್ನ ಅಂಗಡಿಯ ಬಾಗಿಲು ತೆರೆಯಬೇಕೆಂದು ಹೊರಟುಹೋದ.

ಗೇಟಣ್ಣನಿಗೆ ಸಂಜೆಯ ಪಾಳಿ. ಹೊತ್ತಾಗಿಹೋಗಿತ್ತು, ಊಟಕ್ಕೂ ಕೂರಲಿಲ್ಲ. ಬಾವುಟ ಹಿಡಿದು ಓಡಿದ. ಗೇಟು ಹಾಕುತ್ತಿದ್ದಂತೆ ಹಾರ್ನ್‌ಗಳು ಶುರುವಾದವು. ಒಬ್ಬ ಬೈದ, ಇನ್ನೊಬ್ಬ ಅವನ ಅಪ್ಪನನ್ನೂ ಸೇರಿಸಿ ಬೈದ. ಉದ್ದನೆಯ ಗೂಡ್ಸ್ ಗಾಡಿ ಮೆಲ್ಲಗೆ ಸಾಗುತ್ತಿತ್ತು.

ಸಾಲಿನ ಮುಂದೆ ಒಂದು ಸೈಕಲ್ ನಿಂತಿತ್ತು. ಅದರ ಗಂಟೆ ಮಾತ್ರ ಸದ್ದು ಮಾಡಲಿಲ್ಲ. ಕತ್ತರಿ ಒಂದು ಕಾಲು ನೆಲಕ್ಕೂರಿ, ಗಾಡಿಯ ಡಬ್ಬಿಗಳು ಒಂದೊಂದಾಗಿ ಹೋಗುವುದನ್ನು ನೋಡುತ್ತಿದ್ದ. ಗೇಟಣ್ಣ ಕಂಬಿಯ ಬಳಿ ಬಂದು, ಏನಾದರೂ ಹೇಳಬೇಕೆಂದು ಬಾಯಿ ತೆರೆದ. ಕತ್ತರಿ ಹ್ಯಾಂಡಲಿಗೆ ನೇತುಹಾಕಿದ್ದ ಚೀಲದಿಂದ ಇನ್ನೂ ಬಿಸಿ ಆರದ ತನ್ನ ಮನೆಯ ಊಟದ ಡಬ್ಬಿ ತೆಗೆದು, ಕಂಬಿಯ ಮೇಲಿನಿಂದ ಅವನ ಕೈಗಿಟ್ಟ. ಒಂದು ಮಾತೂ ಆಡಲಿಲ್ಲ.